ಸುದ್ದಿಯೂ ಒಂದು ಅಮಾನತ್ತು



ಕಳೆದ ತಿಂಗಳು ಏಳನೆಯ ತರಗತಿಯ ಮಕ್ಕಳಿಗೆ ‘ಅಮಾನತ್ತು’ ಎಂದರೇನು ಎಂದು ಕೇಳಿದೆ. ಹಿಂದಿನ ಬೆಂಚಿನ ಹುಡುಗನೊಬ್ಬ ಥಟ್ಟನೆ ಎದ್ದು ನಿಂತು, “ಕೆಲಸದಿಂದ ತೆಗೆದು ಮನೆಯಲ್ಲಿ ಕೂರಿಸೋದು ಸಾರ್!” ಎಂದ. ಇಡೀ ತರಗತಿ ನಕ್ಕಿತು. ಆದರೆ ಹುಡುಗನದು ತಪ್ಪಲ್ಲ. ‘ಅಧಿಕಾರಿ ಅಮಾನತು’ ಎಂಬ ಶೀರ್ಷಿಕೆ ಪತ್ರಿಕೆಗಳಲ್ಲಿ ಆಗಾಗ ಬರುತ್ತದೆ. ಅವನು ಓದಿದ್ದು ಅದನ್ನೇ. ಅರಬಿ ಭಾಷೆಯಲ್ಲಿ ಅದೇ ಪದಕ್ಕೆ ‘ನಂಬಿ ಒಪ್ಪಿಸಿದ್ದು’ ಎಂಬ ಅರ್ಥವಿದೆ. ಒಬ್ಬರು ನಮ್ಮನ್ನು ನಂಬಿ ಕೊಟ್ಟ ವಸ್ತುವನ್ನು ಕೊಟ್ಟ ಹಾಗೆಯೇ ಕಾಪಾಡಿ, ಸೇರಬೇಕಾದವರಿಗೆ ಸೇರಿಸುವುದು ಅಮಾನತ್ತು.

“ಯಾವ್ಯಾವುದು ಅಮಾನತ್ತು, ಹೇಳಿ ನೋಡೋಣ” ಎಂದೆ. ಹಣ ಎಂದರು, ಒಡವೆ ಎಂದರು, ಪಕ್ಕದ ಮನೆಯವರು ಕೊಟ್ಟುಹೋದ ಬೀಗದ ಕೈ ಎಂದರು. ಸುದ್ದಿ ಎಂದು ಒಬ್ಬರೂ ಹೇಳಲಿಲ್ಲ. ಈ ತಿಂಗಳು ಅದರ ಬಗ್ಗೆಯೇ ನಿಮ್ಮೊಡನೆ ನಾಲ್ಕು ಮಾತು ಆಡಬೇಕೆನಿಸಿದೆ.

ನಮ್ಮ ಮನೆಯಲ್ಲಿ ಒಂದು ಹಳೆಯ ರೇಡಿಯೊ ಇತ್ತು. ಫಜ್ರ್ ನಮಾಝ್ ಮುಗಿಸಿ ಬಂದ ಅಬ್ಬಾ ಚಹಾದ ಲೋಟ ಹಿಡಿದು ಅದರ ಮುಂದೆ ಕೂರುತ್ತಿದ್ದರು. ವಾರ್ತೆ ಶುರುವಾದರೆ ಮನೆಯಲ್ಲಿ ಯಾರೂ ಮಾತಾಡುವಂತಿರಲಿಲ್ಲ. ವಾರ್ತೆ ಓದುವವರ ಮುಖವನ್ನು ಅಬ್ಬಾ ಒಮ್ಮೆಯೂ ನೋಡಿದವರಲ್ಲ. ಅವರು ಯಾವ ಜಾತಿ, ಯಾವ ಊರು, ಯಾವ ಪಕ್ಷದವರು ಎಂದೂ ಗೊತ್ತಿರಲಿಲ್ಲ. ಆದರೂ ಬೀದಿಯಲ್ಲಿ ಯಾರಾದರೂ ಏನಾದರೂ ಹೇಳಿದರೆ ಅಬ್ಬಾ ಕೇಳುತ್ತಿದ್ದ ಪ್ರಶ್ನೆ ಒಂದೇ: “ರೇಡಿಯೊದಲ್ಲಿ ಬಂತಾ?” ರೇಡಿಯೊದಲ್ಲಿ ಬರುವವರೆಗೆ ಆ ಮಾತಿಗೆ ಅವರ ಬಳಿ ಕಾಸಿನ ಬೆಲೆಯೂ ಇರುತ್ತಿರಲಿಲ್ಲ.

ಮುಖ ನೋಡದ ಮನುಷ್ಯನ ಮೇಲೆ ಇಷ್ಟೊಂದು ನಂಬಿಕೆ ಹುಟ್ಟಿದ್ದು ಹೇಗೆ? ಅದನ್ನು ತಿಳಿಯಬೇಕಾದರೆ ನಾವು ಮೈಸೂರಿಗೆ ಹೋಗಬೇಕು.

ಡಾ. ಎಂ.ವಿ. ಗೋಪಾಲಸ್ವಾಮಿಯವರು ಮೈಸೂರಿನ ಮಹಾರಾಜ ಕಾಲೇಜಿನಲ್ಲಿ ಮನಃಶಾಸ್ತ್ರದ ಪ್ರಾಧ್ಯಾಪಕರಾಗಿದ್ದವರು. ಲಂಡನ್ನಿನಲ್ಲಿ ಓದಿ ಬಂದವರು. 1935ರ ಸೆಪ್ಟೆಂಬರ್ 10ರಂದು ಅವರು ತಮ್ಮ ಮನೆಯಿಂದಲೇ ಒಂದು ರೇಡಿಯೊ ಪ್ರಸಾರವನ್ನು ಆರಂಭಿಸಿದರು. ಮನೆಯ ಹೆಸರು ‘ವಿಠಲ ವಿಹಾರ’. ಪ್ರಸಾರಯಂತ್ರದ ಶಕ್ತಿ ಕೇವಲ 30 ವ್ಯಾಟ್. ಅಂದರೆ ನಮ್ಮ ಮನೆಯಲ್ಲಿ ಉರಿಯುತ್ತಿದ್ದ ಹಳೆಯ ಬಲ್ಬಿಗಿಂತಲೂ ಕಡಿಮೆ! ಅದಕ್ಕೆ ಇಟ್ಟ ಹೆಸರು ‘ಆಕಾಶವಾಣಿ’. ಮುಂದೆ ಇಡೀ ದೇಶದ ರೇಡಿಯೊಗೆ ನಿಂತ ಹೆಸರು ನಮ್ಮ ಮೈಸೂರಿನ ಒಂದು ಮನೆಯಿಂದ ಹೊರಟದ್ದು ಎಂಬುದು ಕನ್ನಡಿಗರೆಲ್ಲ ಹೆಮ್ಮೆ ಪಡಬೇಕಾದ ಸಂಗತಿ. ಆ ಹೆಸರನ್ನು ಸೂಚಿಸಿದವರು ನಾ. ಕಸ್ತೂರಿಯವರೆಂದು ಹೇಳುತ್ತಾರೆ. ಕಸ್ತೂರಿಯವರು ಕೇರಳದಿಂದ ಬಂದವರು. ಆದರೆ ಕನ್ನಡದಲ್ಲಿ ಬರೆದು ಕನ್ನಡಿಗರನ್ನು ನಗಿಸಿದರು.

ಪಾಠ ಹೇಳಿ ಸಂಬಳ ಪಡೆದು ನೆಮ್ಮದಿಯಿಂದ ಇರಬಹುದಾಗಿದ್ದ ಪ್ರಾಧ್ಯಾಪಕರೊಬ್ಬರು ಕೈಯಿಂದ ಹಣ ಹಾಕಿ ಇಂತಹ ಕೆಲಸಕ್ಕೆ ಏಕೆ ಇಳಿದರು? ಜನರಿಗೆ ಸಂಗೀತ, ಸಾಹಿತ್ಯ, ತಿಳಿವಳಿಕೆ ಮನೆಬಾಗಿಲಿಗೆ ಬರಲಿ ಎಂಬ ಆಸೆಯೊಂದೇ ಕಾರಣ. ಅವರು ಅದನ್ನು ತನ್ನ ಸೊತ್ತೆಂದು ಇಟ್ಟುಕೊಳ್ಳಲಿಲ್ಲ. 1942ರಲ್ಲಿ ನಿಲಯವು ಮೈಸೂರು ಸಂಸ್ಥಾನದ ಕೈಗೆ ಬಂತು. 1950ರಲ್ಲಿ ಕೇಂದ್ರ ಸರ್ಕಾರದ ರೇಡಿಯೊ ಜಾಲಕ್ಕೆ ಸೇರಿತು. 1955ರ ನವೆಂಬರ್ 2ರಂದು ಬೆಂಗಳೂರಿನಲ್ಲಿ ಆಕಾಶವಾಣಿ ನಿಲಯ ಆರಂಭವಾಯಿತು. ಒಬ್ಬನ ಮನೆಯಲ್ಲಿ ಹುಟ್ಟಿ ಎಲ್ಲರ ಸೊತ್ತಾದ ಧ್ವನಿ ಅದು. ಅಮಾನತ್ತು ಎಂದರೆ ಇದೇ ಅಲ್ಲವೇ?

ನಮ್ಮ ಚಿಕ್ಕಜಾಲದಿಂದ ಬೆಂಗಳೂರಿನ ಕಡೆ ಹೊರಟರೆ ಯಲಹಂಕ ಸಿಗುತ್ತದೆ. ಆ ಯಲಹಂಕದಲ್ಲಿ 1990ರ ದಶಕದಲ್ಲಿ ಆಕಾಶವಾಣಿಯು ತಲಾ 500 ಕಿಲೋವ್ಯಾಟ್ ಶಕ್ತಿಯ ಶಾರ್ಟ್‌ವೇವ್ ಪ್ರಸಾರಯಂತ್ರಗಳನ್ನು ಸ್ಥಾಪಿಸಿತು. 500 ಕಿಲೋವ್ಯಾಟ್ ಎಂದರೆ 5 ಲಕ್ಷ ವ್ಯಾಟ್. ಅವು ಬೆಂಗಳೂರಿನವರಿಗಾಗಿ ಹಾಕಿದವಲ್ಲ, ಕಡಲಾಚೆಯ ದೇಶಗಳಿಗೆ ಭಾರತದ ಧ್ವನಿ ತಲುಪಿಸಲು ಹಾಕಿದವು. ಕೊಲ್ಲಿ ದೇಶಗಳಿಗೆ ದುಡಿಯಲು ಹೋದ ನಮ್ಮವರು ರಾತ್ರಿ ಕೋಣೆಯಲ್ಲಿ ರೇಡಿಯೊದ ಮುಳ್ಳು ತಿರುಗಿಸುತ್ತಾ ಊರಿನ ಕಡೆಯ ಒಂದು ಧ್ವನಿಗಾಗಿ ಹುಡುಕುತ್ತಿದ್ದ ಕಾಲವೊಂದಿತ್ತು. 30 ವ್ಯಾಟಿನಿಂದ 5 ಲಕ್ಷ ವ್ಯಾಟಿನವರೆಗೆ ನಾವು ಬಂದೆವು.

ಈಗ ನಿಮ್ಮ ಕಿಸೆಯಲ್ಲಿರುವ ಮೊಬೈಲು ಇದೆಯಲ್ಲ, ಅದು ಯಲಹಂಕದ ಆ ಯಂತ್ರಗಳಿಗಿಂತಲೂ ಬೇಗ ಒಂದು ಮಾತನ್ನು ದುಬೈಗೆ ಮುಟ್ಟಿಸುತ್ತದೆ. ಹಾಗಾದರೆ ವ್ಯತ್ಯಾಸವೇನು? ಆಕಾಶವಾಣಿಯಲ್ಲಿ ಮೈಕಿನ ಮುಂದೆ ಕುಳಿತವನ ಹಿಂದೆ ಸುದ್ದಿ ತಂದ ವರದಿಗಾರನಿರುತ್ತಾನೆ, ಅದನ್ನು ತಿದ್ದಿದ ಸಂಪಾದಕನಿರುತ್ತಾನೆ, ಭಾಷಾಂತರಿಸಿದವನಿರುತ್ತಾನೆ. ಯಾವ ಧರ್ಮವನ್ನಾಗಲಿ ಸಮುದಾಯವನ್ನಾಗಲಿ ನಿಂದಿಸಬಾರದು, ಹಿಂಸೆಗೆ ಪ್ರಚೋದಿಸಬಾರದು ಎಂಬ ಪ್ರಸಾರ ಸಂಹಿತೆಯೂ ಇದೆ. ನಮ್ಮ ಮೊಬೈಲಿನ ಹಿಂದೆ ಯಾರಿದ್ದಾರೆ? ನಮ್ಮ ಹೆಬ್ಬೆರಳು ಮಾತ್ರ!

ಧ್ವನಿಯನ್ನು ಕಾಯುವವರಿಲ್ಲದಿದ್ದರೆ ಏನಾಗುತ್ತದೆ ಎಂಬುದಕ್ಕೆ ಜರ್ಮನಿಯ ಚರಿತ್ರೆಯೇ ಸಾಕ್ಷಿ. 1933ರಲ್ಲಿ ಹಿಟ್ಲರ್ ಅಧಿಕಾರಕ್ಕೆ ಬಂದಾಗ ಅವನ ಪ್ರಚಾರ ಮಂತ್ರಿ ಗೊಬೆಲ್ಸ್ ರೇಡಿಯೊವನ್ನು ವಶಪಡಿಸಿಕೊಂಡ. ಬಡವನೂ ಕೊಳ್ಳಬಹುದಾದ ಅಗ್ಗದ ರೇಡಿಯೊಗಳನ್ನು ಮಾಡಿಸಿದ. ಮನೆಮನೆಗೂ ಒಂದೇ ಧ್ವನಿ ಹೋಯಿತು. 1939ರಲ್ಲಿ ಯುದ್ಧ ಆರಂಭವಾದಾಗ ಹೊರದೇಶದ ರೇಡಿಯೊ ಕೇಳುವುದೇ ಅಪರಾಧವಾಯಿತು. ಒಂದು ಸಮುದಾಯದ ಬಗ್ಗೆ ದಿನವೂ ಸುಳ್ಳು ಕೇಳಿ ಕೇಳಿ ಜನರ ಎದೆ ಕಲ್ಲಾಯಿತು. ಅದರ ಫಲವೇನೆಂದು ಲೋಕಕ್ಕೇ ಗೊತ್ತು.

ಯುದ್ಧದಲ್ಲಿ ಸೋತ ಮೇಲೆ ಆ ದೇಶದ ಪಶ್ಚಿಮ ಭಾಗದಲ್ಲಿ ರೇಡಿಯೊವನ್ನು ಹೊಸದಾಗಿ ಕಟ್ಟಿದರು. ಅದು ಸರ್ಕಾರದ ಕೈಯಲ್ಲೂ ಇರಬಾರದು, ಸಾಹುಕಾರನ ಕೈಯಲ್ಲೂ ಇರಬಾರದು ಎಂದು ತೀರ್ಮಾನಿಸಿದರು. ಪ್ರಾಂತಗಳ ಪ್ರಸಾರ ಸಂಸ್ಥೆಗಳು ಸೇರಿ 1950ರಲ್ಲಿ ‘ಎ.ಆರ್.ಡಿ.’ ಎಂಬ ಒಕ್ಕೂಟ ರಚಿಸಿಕೊಂಡವು. ಇದರ ಖರ್ಚಿನ ಬಹುಭಾಗವನ್ನು ಜನರೇ ಕೊಡುತ್ತಾರೆ. 2021ರ ಆಗಸ್ಟಿನಲ್ಲಿ ಈ ಶುಲ್ಕವನ್ನು ಪ್ರತಿ ಮನೆಗೆ ತಿಂಗಳಿಗೆ 18.36 ಯೂರೋ ಎಂದು ನಿಗದಿ ಮಾಡಲಾಯಿತು.

ಇಂತಹ ವ್ಯವಸ್ಥೆಯಲ್ಲಿ ಬೆಳೆದ ಪತ್ರಕರ್ತರಲ್ಲಿ ಹಾನ್ಸ್ ಯೋಆಖಿಮ್ ಫ್ರೀಡ್ರಿಕ್ಸ್ ಒಬ್ಬರು. 1927ರಲ್ಲಿ ಹುಟ್ಟಿದ ಅವರ ಬಾಲ್ಯವೆಲ್ಲ ಗೊಬೆಲ್ಸನ ಕಾಲದಲ್ಲೇ ಕಳೆಯಿತು. ಯುದ್ಧದ ನಂತರ ಲಂಡನ್ನಿಗೆ ಹೋಗಿ ಬಿಬಿಸಿಯ ಜರ್ಮನ್ ವಿಭಾಗದಲ್ಲಿ ಕೆಲಸ ಕಲಿತರು. ತನ್ನ ದೇಶವನ್ನು ಸೋಲಿಸಿದವರ ಬಳಿ ಹೋಗಿ ಸತ್ಯ ಹೇಳುವ ಕಸುಬನ್ನು ಕಲಿಯುವುದೆಂದರೆ ಸಣ್ಣ ಮಾತಲ್ಲ. ಮುಂದೆ ಜರ್ಮನಿಗೆ ಮರಳಿ ಸಾರ್ವಜನಿಕ ಟಿ.ವಿ.ಯಲ್ಲಿ ಅಮೇರಿಕದ ವರದಿಗಾರರಾದರು, ವಿಯೆಟ್ನಾಂ ಯುದ್ಧದ ವರದಿ ಮಾಡಿದರು, ಆಟೋಟಗಳ ಸುದ್ದಿಯನ್ನೂ ಹೇಳಿದರು. 1985ರಿಂದ 1991ರವರೆಗೆ ಎ.ಆರ್.ಡಿ.ಯ ರಾತ್ರಿಯ ವಾರ್ತೆಯನ್ನು ನಡೆಸಿಕೊಟ್ಟರು. 1995ರಲ್ಲಿ ತೀರಿಕೊಳ್ಳುವ ಸ್ವಲ್ಪ ಮೊದಲು ಅವರು ಹೇಳಿದ ಮಾತಿನ ಸಾರ ಇಷ್ಟು: ಪತ್ರಕರ್ತನು ದೂರ ನಿಂತು ನೋಡಬೇಕು, ಒಳ್ಳೆಯದೇ ಆದರೂ ಒಂದು ಉದ್ದೇಶದ ಜೊತೆ ತಾನೂ ಬೆರೆತುಹೋಗಬಾರದು. ಜರ್ಮನಿಯಲ್ಲಿ ಇಂದಿಗೂ ಪತ್ರಕರ್ತರು ಈ ಮಾತನ್ನು ಹಿಡಿದು ಚರ್ಚಿಸುತ್ತಾರೆ. ಅವರ ಹೆಸರಿನಲ್ಲಿ ಪ್ರಶಸ್ತಿಯೂ ಇದೆ.

ಆದರೆ ಓದುಗರೇ, ಈ ಫ್ರೀಡ್ರಿಕ್ಸರ ಬದುಕಿನಲ್ಲೂ ಒಂದು ರಾತ್ರಿ ಇದೆ. 1989ರ ನವೆಂಬರ್ 9. ಅಂದು ಸಂಜೆ ಪೂರ್ವ ಜರ್ಮನಿಯ ನಾಯಕನೊಬ್ಬ ಪತ್ರಿಕಾಗೋಷ್ಠಿಯಲ್ಲಿ, ತಾನೇ ಸರಿಯಾಗಿ ತಿಳಿದುಕೊಳ್ಳದ ಒಂದು ಚೀಟಿಯನ್ನು ಓದಿಬಿಟ್ಟ. ಪಶ್ಚಿಮಕ್ಕೆ ಹೋಗಲು ಜನರಿಗೆ ಅವಕಾಶವಿದೆ ಎಂದ. ಯಾವಾಗಿನಿಂದ ಎಂದು ಕೇಳಿದರೆ, ತನಗೆ ತಿಳಿದ ಮಟ್ಟಿಗೆ ಈಗಿನಿಂದಲೇ ಎಂದ. ರಾತ್ರಿ ಹತ್ತೂವರೆಯ ನಂತರದ ವಾರ್ತೆಯಲ್ಲಿ ಫ್ರೀಡ್ರಿಕ್ಸ್, ಬರ್ಲಿನ್ ಗೋಡೆಯ ಬಾಗಿಲುಗಳು ವಿಶಾಲವಾಗಿ ತೆರೆದಿವೆ ಎಂಬ ಅರ್ಥದ ಮಾತು ಹೇಳಿದರು. ನಿಜವಾಗಿ ಆ ಗಳಿಗೆಯಲ್ಲಿ ಬಾಗಿಲುಗಳು ಹಾಗೆ ತೆರೆದಿರಲಿಲ್ಲ! ಆದರೆ ಹೇಳಿದವರು ಫ್ರೀಡ್ರಿಕ್ಸ್. ಮೊದಲೇ ಗಡಿಯಲ್ಲಿ ಸೇರಿದ್ದವರ ಜೊತೆಗೆ ಇನ್ನೂ ಸಾವಿರಾರು ಜನ ಮನೆಯಿಂದ ಎದ್ದು ಗೋಡೆಯತ್ತ ನಡೆದರು. ಆ ಜನಸಾಗರವನ್ನು ತಡೆಯಲಾರದೆ ಕಾವಲುಗಾರರು ರಾತ್ರಿ ಹನ್ನೊಂದೂವರೆಯ ಸುಮಾರಿಗೆ ಒಂದು ಬಾಗಿಲನ್ನು ತೆರೆದುಬಿಟ್ಟರು.

ಆ ರಾತ್ರಿ ಎಲ್ಲವೂ ಒಳಿತಾಯಿತು. ಗುಂಡು ಹಾರಲಿಲ್ಲ, ಅಗಲಿದ ಬಂಧುಗಳು ಅಪ್ಪಿಕೊಂಡರು. ಆದರೆ ಕಾವಲುಗಾರರು ಬಂದೂಕು ಎತ್ತಿದ್ದರೆ? ನಂಬಿಕೆಯ ಧ್ವನಿಯೊಂದು ಜನರ ಕಾಲುಗಳನ್ನು ನಡೆಸುತ್ತದೆ. ಆ ಕಾಲುಗಳು ಎಲ್ಲಿಗೆ ಹೋಗಿ ಮುಟ್ಟುತ್ತವೆ ಎಂಬುದು ಹೇಳಿದವನ ಕೈಯಲ್ಲಿ ಇರುವುದಿಲ್ಲ.

ಈಗ ನಮ್ಮ ಬೆಂಗಳೂರಿಗೆ ಬನ್ನಿ. 2012ರ ಆಗಸ್ಟ್ ತಿಂಗಳು. ರಮಝಾನಿನ ಕೊನೆಯ ದಿನಗಳು. ಅಸ್ಸಾಮಿನಲ್ಲಿ ಗಲಭೆಗಳು ನಡೆದಿದ್ದವು. ಈದ್ ಮುಗಿದ ಮೇಲೆ ಬೆಂಗಳೂರಿನಲ್ಲಿರುವ ಈಶಾನ್ಯ ರಾಜ್ಯಗಳ ಜನರ ಮೇಲೆ ಮುಸ್ಲಿಮರು ದಾಳಿ ಮಾಡಲಿದ್ದಾರೆ ಎಂಬ ಎಸ್‌ಎಂಎಸ್‌ಗಳು ಹರಿದಾಡಿದವು. ಹೋಟೆಲಿನಲ್ಲಿ, ಬ್ಯೂಟಿ ಪಾರ್ಲರಿನಲ್ಲಿ, ಕಾವಲು ಕೆಲಸದಲ್ಲಿ ದುಡಿಯುತ್ತಿದ್ದ ಆ ಬಡ ಮಕ್ಕಳು ಸಾವಿರಾರು ಸಂಖ್ಯೆಯಲ್ಲಿ ಬೆಂಗಳೂರು ರೈಲು ನಿಲ್ದಾಣಕ್ಕೆ ಓಡಿದರು. ಗುವಾಹಟಿಗೆ ವಿಶೇಷ ರೈಲುಗಳನ್ನೇ ಬಿಡಬೇಕಾಯಿತು. ಹೋಗಬೇಡಿ, ನಾವಿದ್ದೇವೆ ಎಂದು ಧೈರ್ಯ ಹೇಳಲು ಮುಸ್ಲಿಮ್ ಮುಖಂಡರೂ ಮುಂದೆ ಬಂದರು. ಕೊನೆಗೆ ಕೇಂದ್ರ ಸರ್ಕಾರವು ಒಮ್ಮೆಗೆ ಐದಕ್ಕಿಂತ ಹೆಚ್ಚು ಜನರಿಗೆ ಸಂದೇಶ ಕಳುಹಿಸದಂತೆ 15 ದಿನಗಳ ನಿರ್ಬಂಧ ಹೇರಿತು.

ದಾಳಿ ಮಾಡುವವರೆಂದು ಹೆಸರು ಹೊತ್ತ ಸಮುದಾಯ ನಮ್ಮದು. ನಾವು ಉಪವಾಸ ಹಿಡಿದು ದುಆ ಮಾಡುತ್ತಿದ್ದ ಹೊತ್ತಿನಲ್ಲೇ ಯಾರದೋ ಮಕ್ಕಳು ನಮ್ಮ ಹೆಸರು ಕೇಳಿ ನಡುಗುತ್ತಾ ರೈಲು ಹತ್ತುತ್ತಿದ್ದರು. ವದಂತಿಯ ಏಟು ಎಷ್ಟು ನೋವು ಕೊಡುತ್ತದೆಂದು ನಾವು ಅಂದು ಅರಿತೆವು. ಅರಿತ ಮೇಲೆ ನಾವಾದರೂ ಎಚ್ಚರವಾಗಿರಬೇಕಿತ್ತು. ನಾನು ಇರಲಿಲ್ಲ. ಅದನ್ನು ಇಲ್ಲಿ ಹೇಳಿಕೊಳ್ಳಲೇಬೇಕು.

2018ರ ಮೇ ತಿಂಗಳು. ಅದೂ ರಮಝಾನ್. ಶಾಲೆಗೆ ರಜೆ, ಮಕ್ಕಳೆಲ್ಲ ಬೀದಿಯಲ್ಲಿ ಆಡುತ್ತಿದ್ದರು. ಒಂದು ರಾತ್ರಿ ತರಾವೀಹ್ ಮುಗಿಸಿ ಬಂದಾಗ ಮೊಬೈಲಿಗೆ ಒಂದು ಧ್ವನಿಮುದ್ರಣ ಬಂದಿತ್ತು. ಮಕ್ಕಳ ಕಳ್ಳರು ನಮ್ಮ ಕಡೆ ಬಂದಿದ್ದಾರೆ, ಹೆಂಗಸರ ವೇಷದಲ್ಲಿ ಬರುತ್ತಾರೆ ಎಂದು ಯಾರೋ ಗಾಬರಿಯಿಂದ ಹೇಳುತ್ತಿದ್ದರು. ಕಳುಹಿಸಿದವರು ಗೌರವಸ್ಥರು. ಮಕ್ಕಳ ಹಿತದೃಷ್ಟಿಯಿಂದ ಎಂದುಕೊಂಡು, ಎರಡು ಸಲ ಯೋಚಿಸದೆ ತಂದೆ-ತಾಯಂದಿರ ಗುಂಪಿಗೆ ಹಾಕಿದೆ. ಕೆಳಗೆ ‘ಎಚ್ಚರದಿಂದಿರಿ’ ಎಂದೂ ಬರೆದೆ. ನೆಮ್ಮದಿಯಿಂದ ಮಲಗಿದೆ.

ಮರುದಿನ ಅಸ್ರ್‌ಗೆ ಹೊರಡುವ ಹೊತ್ತಿಗೆ ಬೀದಿಯ ಕೊನೆಯಲ್ಲಿ ಗದ್ದಲ. ಹೋಗಿ ನೋಡಿದರೆ ಉದುರಿದ ಕೂದಲು ತೆಗೆದುಕೊಂಡು ಪಾತ್ರೆ ಕೊಡುವ ಒಬ್ಬ ಹೆಂಗಸು. ಸೆರಗು ಹಿಡಿದುಕೊಂಡು ನಾಲ್ಕೈದು ವರ್ಷದ ಅವಳ ಮಗು. ಸುತ್ತಲೂ ಇಪ್ಪತ್ತು ಮೂವತ್ತು ಜನ. ಈ ಮಗು ಯಾರದು, ಎಲ್ಲಿಂದ ತಂದೆ ಎಂದು ಕೇಳುತ್ತಿದ್ದರು. ಅವಳಿಗೆ ಗಾಬರಿಯಲ್ಲಿ ಮಾತೇ ಹೊರಡುತ್ತಿರಲಿಲ್ಲ. ಒಬ್ಬ ಯುವಕ ಅವಳ ಮುಖದ ಮುಂದೆ ಮೊಬೈಲು ಹಿಡಿದು ಅದೇ ಧ್ವನಿಮುದ್ರಣ ಹಾಕುತ್ತಿದ್ದ. “ಸುಳ್ಳಲ್ಲ, ನಮ್ಮ ಮಾಸ್ಟ್ರೇ ಕಳಿಸಿರೋದು” ಎಂದ.

ಆ ಮಾತು ಕೇಳಿ ನನ್ನ ಕಾಲು ಅಲ್ಲೇ ನಿಂತುಬಿಟ್ಟಿತು. ಹೇಗೋ ನುಗ್ಗಿ ಅವಳ ಮುಂದೆ ಹೋಗಿ ನಿಂತೆ. “ನಾನು ಕಳಿಸಿದ್ದು ನಿಜ. ಆದರೆ ಅದು ನಿಜವೋ ಸುಳ್ಳೋ ನನಗೇ ಗೊತ್ತಿಲ್ಲ. ಇವರನ್ನು ಬಿಡಿ” ಎಂದೆ. ಯಾರೂ ಕದಲಲಿಲ್ಲ. ಅಷ್ಟರಲ್ಲಿ ಎದುರು ಮನೆಯ ಮುದುಕಿ ಮುನಿಯಮ್ಮನವರು ಬಾಗಿಲಿಗೆ ಬಂದು, “ಅಯ್ಯೋ ಪಾಪಿಗಳಾ, ಅವಳು ನಮ್ಮ ಬೀದಿಗೆ ಎಷ್ಟೋ ವರ್ಷದಿಂದ ಬರ್ತಾಳೆ. ಈ ತಂಬಿಗೆ ಅವಳೇ ಕೊಟ್ಟಿದ್ದು” ಎಂದು ತಂಬಿಗೆ ಎತ್ತಿ ತೋರಿಸಿದರು. ಆಗ ಗುಂಪು ಸಡಿಲವಾಯಿತು. ನಾನು ಮಾಡಲಾಗದ್ದನ್ನು ಆ ತಾಯಿ ಮಾಡಿದರು. ಏಕೆಂದರೆ ಅವರು ಹೇಳಿದ್ದು ತಾನು ಕಣ್ಣಾರೆ ಕಂಡದ್ದನ್ನು.

ಅದೇ ತಿಂಗಳ 23ರಂದು ಬೆಂಗಳೂರಿನ ಚಾಮರಾಜಪೇಟೆಯಲ್ಲಿ ದುಡಿಯಲು ಬಂದಿದ್ದ ರಾಜಸ್ಥಾನದ ಯುವಕನೊಬ್ಬನನ್ನು ಮಕ್ಕಳ ಕಳ್ಳನೆಂದು ಜನರು ಹೊಡೆದು ಕೊಂದರು. ಅವನು ಕಳ್ಳನಾಗಿರಲಿಲ್ಲ. ಆ ಸುದ್ದಿ ಓದಿದ ದಿನ ನನಗೆ ಇಫ್ತಾರಿನ ಖರ್ಜೂರ ಗಂಟಲಲ್ಲಿ ಇಳಿಯಲಿಲ್ಲ.

ನಮ್ಮ ಗುಂಪಿನಲ್ಲಿ ತಪ್ಪಾಯಿತೆಂದು ಬರೆದೆ. ಗಾಬರಿಯ ಸಂದೇಶವನ್ನು ಎಲ್ಲರೂ ನೋಡಿದ್ದರು, ತಪ್ಪೊಪ್ಪಿಗೆಯನ್ನು ನೋಡಿದವರು ಕೆಲವೇ ಜನ. ಆ ಹೆಂಗಸು ಮತ್ತೆ ನಮ್ಮ ಬೀದಿಗೆ ಬರಲಿಲ್ಲ. ಅಲ್ಲಾಹನಿಗೆ ಸಲ್ಲಬೇಕಾದ ಹಕ್ಕಿನಲ್ಲಿ ತಪ್ಪಿದರೆ ತೌಬಾ ಮಾಡಬಹುದು. ಮನುಷ್ಯರ ಹಕ್ಕಿನಲ್ಲಿ ತಪ್ಪಿದರೆ ಆ ಮನುಷ್ಯನೇ ಕ್ಷಮಿಸಬೇಕು ಎಂದು ಮದ್ರಸದಲ್ಲಿ ಓದಿದವನು ನಾನು. ಕ್ಷಮೆ ಕೇಳೋಣವೆಂದರೆ ನನಗೆ ಅವಳ ಹೆಸರೂ ಗೊತ್ತಿಲ್ಲ, ಊರೂ ಗೊತ್ತಿಲ್ಲ.

ನನಗೆ ಗೊತ್ತಿಲ್ಲದ ಪಾಠವೇನೂ ಇದಾಗಿರಲಿಲ್ಲ. ಸುದ್ದಿ ತಂದವನನ್ನು ನೋಡಿ ವಿಚಾರಿಸಿರಿ, ಇಲ್ಲವಾದರೆ ಅರಿಯದೆ ಜನರಿಗೆ ಹಾನಿ ಮಾಡಿ ಆಮೇಲೆ ಪಶ್ಚಾತ್ತಾಪ ಪಡುವಿರಿ ಎಂಬ ಎಚ್ಚರಿಕೆ ಪವಿತ್ರ ಕುರ್‌ಆನಿನ ಹುಜುರಾತ್ ಅಧ್ಯಾಯದಲ್ಲೇ ಇದೆ. ಅದರ ಹಿನ್ನೆಲೆಯಾಗಿ ವ್ಯಾಖ್ಯಾನಕಾರರು ಒಂದು ಘಟನೆಯನ್ನು ಹೇಳುತ್ತಾರೆ. ಬನೂ ಮುಸ್ತಲಿಕ್ ಗೋತ್ರದವರಿಂದ ಝಕಾತ್ ತರಲು ಪ್ರವಾದಿವರ್ಯರು(ಸ) ಒಬ್ಬರನ್ನು ಕಳುಹಿಸಿದ್ದರು. ಅವರು ಅರ್ಧ ದಾರಿಯಿಂದಲೇ ಮರಳಿ, ಆ ಜನ ಝಕಾತ್ ಕೊಡಲು ನಿರಾಕರಿಸಿದರು, ನನ್ನನ್ನು ಕೊಲ್ಲಲು ಬಂದರು ಎಂದುಬಿಟ್ಟರು. ಯುದ್ಧವೇ ನಡೆದುಹೋಗಬಹುದಾಗಿತ್ತು. ವಿಚಾರಿಸಿದಾಗ ಆ ಮಾತು ನಿಜವಲ್ಲವೆಂದು ತಿಳಿಯಿತು.

ಇನ್ನು ನೂರ್ ಅಧ್ಯಾಯದ ಹಿನ್ನೆಲೆಯನ್ನು ನೆನೆಯಿರಿ. ಹಝ್ರತ್ ಆಯಿಶಾರ(ರ) ಮೇಲೆ ಕೆಲವರು ಹಬ್ಬಿಸಿದ ಅಪವಾದದಿಂದ ಪ್ರವಾದಿಯವರ(ಸ) ಮನೆಯೇ ಸುಮಾರು ಒಂದು ತಿಂಗಳು ದುಃಖದಲ್ಲಿ ಮುಳುಗಿತ್ತು. ಹಬ್ಬಿಸಿದವರಲ್ಲಿ ಕಪಟಿಗಳಷ್ಟೇ ಅಲ್ಲ, ಕೇಳಿದ್ದನ್ನು ಯೋಚಿಸದೆ ದಾಟಿಸಿದ ಒಳ್ಳೆಯವರೂ ಇದ್ದರು. ಹದೀಸ್ ವಿದ್ವಾಂಸರು ಒಂದು ಮಾತನ್ನು ಸ್ವೀಕರಿಸುವ ಮೊದಲು ಇದನ್ನು ಯಾರು ಹೇಳಿದರು, ಅವರಿಗೆ ಯಾರು ಹೇಳಿದರು ಎಂದು ಕೊನೆಯವರೆಗೂ ಕೇಳುತ್ತಾ ಹೋದದ್ದು ಸುಮ್ಮನೆಯಲ್ಲ. ಹೇಳಿದವರ ನಡತೆಯನ್ನೂ ನೆನಪಿನ ಶಕ್ತಿಯನ್ನೂ ಪರೀಕ್ಷಿಸಿದರು. ಇಂತಹ ಪರಂಪರೆಯ ವಾರಸುದಾರರು ನಾವು. ಆದರೆ ಇಂದು ನಾವು ‘ಬಂದದ್ದನ್ನು ಕಳಿಸಿದೆ ಅಷ್ಟೇ’ ಎಂದು ಕೈ ತೊಳೆದುಕೊಳ್ಳುತ್ತೇವೆ.

ಹಾಗೆಂದು ಆಕಾಶವಾಣಿ ತಪ್ಪೇ ಮಾಡಿಲ್ಲವೆಂದು ನಾನು ಹೇಳುತ್ತಿಲ್ಲ. 1975ರಿಂದ 77ರವರೆಗಿನ ತುರ್ತುಪರಿಸ್ಥಿತಿಯಲ್ಲಿ ಅದು ಸರ್ಕಾರದ ಮಾತನ್ನೇ ಆಡಿತು. ಆ ಕಹಿ ಅನುಭವದಿಂದಲೇ ಅದಕ್ಕೆ ಸ್ವಾಯತ್ತತೆ ಬೇಕೆಂಬ ಕೂಗು ಬಲವಾಯಿತು. 1990ರಲ್ಲಿ ಪ್ರಸಾರ ಭಾರತಿ ಕಾಯ್ದೆ ಬಂತು, 1997ರಲ್ಲಿ ಜಾರಿಯಾಯಿತು. ಸ್ವಾಯತ್ತತೆ ಎಷ್ಟರ ಮಟ್ಟಿಗೆ ಬಂದಿದೆ ಎಂಬ ವಾದ ಇಂದಿಗೂ ಇದೆ. ಜರ್ಮನಿಯ ವ್ಯವಸ್ಥೆಯ ಮೇಲೂ ದೂರುಗಳಿವೆ. ಕಾವಲು ಇದ್ದಲ್ಲೂ ಕಳ್ಳತನವಾಗಬಹುದು. ಅದಕ್ಕಾಗಿ ಕಾವಲೇ ಬೇಡವೆನ್ನುವುದು ಬುದ್ಧಿವಂತಿಕೆಯೇ?

ಇನ್ನೊಂದು ಹಳೆಯ ಗಾಯವನ್ನೂ ಇಲ್ಲಿ ಮುಟ್ಟಬೇಕಾಗಿದೆ. 1994ರ ಗಾಂಧಿ ಜಯಂತಿಯಂದು ಬೆಂಗಳೂರು ದೂರದರ್ಶನದಲ್ಲಿ ದಿನಕ್ಕೆ ಹತ್ತು ನಿಮಿಷದ ಉರ್ದು ವಾರ್ತೆ ಆರಂಭವಾಯಿತು. ಅದಕ್ಕೆ ವಿರೋಧ ಹುಟ್ಟಿತು. ವಿರೋಧ ಗಲಭೆಯಾಯಿತು. 20ಕ್ಕೂ ಹೆಚ್ಚು ಜನ ಪ್ರಾಣ ಕಳೆದುಕೊಂಡರು. ವಾರ್ತೆ ನಿಂತುಹೋಯಿತು. ನಾನಾಗ ಮದ್ರಸದಲ್ಲಿ ಓದುತ್ತಿದ್ದ ಹುಡುಗ. ಹತ್ತು ನಿಮಿಷದ ವಾರ್ತೆಗಾಗಿ ಮನುಷ್ಯರು ಸಾಯುವುದೇ ಎಂದು ದಿಗ್ಭ್ರಮೆಯಾಗಿತ್ತು. ಕನ್ನಡವು ಹಿಂದೂಗಳದು, ಉರ್ದುವು ಮುಸ್ಲಿಮರದು ಎಂಬ ಎಣಿಕೆಯೇ ಆ ಬೆಂಕಿಗೆ ತುಪ್ಪವಾಯಿತೆಂದು ಈಗ ಅನಿಸುತ್ತದೆ. ನಮ್ಮ ಚಿಕ್ಕಜಾಲದಿಂದ ಸ್ವಲ್ಪ ಮುಂದೆ ಹೋದರೆ ಸಿಗುವ ದೇವನಹಳ್ಳಿಯಲ್ಲೇ 1936ರಲ್ಲಿ ಕವಿ ನಿಸಾರ್ ಅಹಮದರು ಹುಟ್ಟಿದರು. ಅವರ ಕನ್ನಡವನ್ನು ಯಾರಾದರೂ ಪರಕೀಯವೆಂದರೇ? ಮನೆಯಲ್ಲಿ ಉರ್ದುವನ್ನು ಪ್ರೀತಿಸುತ್ತಲೇ ಬೀದಿಯಲ್ಲಿ, ಶಾಲೆಯಲ್ಲಿ, ಮೈಕಿನ ಮುಂದೆ ಚೆನ್ನಾದ ಕನ್ನಡ ಆಡುವವರಾಗಬೇಕು ನಾವು. ನಮ್ಮ ಬಗ್ಗೆ ಬೇರೆಯವರು ತಪ್ಪು ಸುದ್ದಿ ಹೇಳುತ್ತಾರೆಂದು ದೂರುತ್ತೇವೆ. ಸರಿಯಾಗಿ ಹೇಳುವ ಕುರ್ಚಿಯಲ್ಲಿ ಕೂರಲು ನಮ್ಮ ಮಕ್ಕಳನ್ನು ತಯಾರು ಮಾಡಿದ್ದೇವೆಯೇ?

ಮಗ ಇಂಜಿನಿಯರ್ ಆಗಲಿ, ಮಗಳು ಡಾಕ್ಟರ್ ಆಗಲಿ ಎನ್ನುತ್ತೇವೆ. ಪತ್ರಿಕೋದ್ಯಮ ಓದಲಿ ಎನ್ನುವ ತಂದೆ-ತಾಯಿ ಎಷ್ಟು ಮಂದಿ? ಕೊಡಗಿನವರಾದ ಕಥೆಗಾರ ಅಬ್ದುಲ್ ರಶೀದರು ಆಕಾಶವಾಣಿಯ ಉದ್ಯೋಗಕ್ಕೆ ಸೇರಿ ಮಡಿಕೇರಿ, ಮೈಸೂರು ನಿಲಯಗಳಲ್ಲಿ ದುಡಿದು ಕೇಳುಗರ ಪ್ರೀತಿ ಗಳಿಸಿದರು. ಇಂತಹವರ ಸಂಖ್ಯೆ ಬೆಳೆಯಬೇಕು. ಪದವಿ ಮುಗಿಸಿ, ಕನ್ನಡ ಮತ್ತು ಇಂಗ್ಲಿಷ್ ಎರಡನ್ನೂ ಚೆನ್ನಾಗಿ ಬಲ್ಲವರು ಆಕಾಶವಾಣಿಯಲ್ಲಿ ತಾತ್ಕಾಲಿಕ ಉದ್ಘೋಷಕರಾಗಿ, ವಾರ್ತೆ ಓದುವವರಾಗಿ, ಭಾಷಾಂತರಕಾರರಾಗಿ ದುಡಿಯಲು ಅವಕಾಶವಿದೆ. ಪ್ರಕಟಣೆ ಬಂದಾಗ ಅರ್ಜಿ ಹಾಕಬೇಕು. ಬರವಣಿಗೆಯ ಪರೀಕ್ಷೆ ಇರುತ್ತದೆ, ಧ್ವನಿ ಪರೀಕ್ಷೆಯೂ ಇರುತ್ತದೆ. ಸಂಬಳ ದೊಡ್ಡದಲ್ಲ. ಹೆಸರೂ ದೊಡ್ಡದಾಗುವುದಿಲ್ಲ. ಆದರೆ ಒಂದು ಮಾತನ್ನು ತೂಗಿ ಆಡುವುದು ಹೇಗೆಂದು ಆ ಕೋಣೆ ಕಲಿಸ��ತ್ತದೆ.

ನಮ್ಮ ಮಕ್ಕಳಿಗೆ ಕನ್ನಡದ ಉಚ್ಚಾರ ಬರುವುದಿಲ್ಲವೆಂದು ಕೆಲವರು ಹಿಂಜರಿಯುತ್ತಾರೆ. ನಾನು ಇದನ್ನು ಒಪ್ಪುವುದಿಲ್ಲ. ಕುರ್‌ಆನ್ ಓದಲು ಕಲಿಸುವಾಗ ‘ಸೀನ್’ ಬೇರೆ, ‘ಸ್ವಾದ್’ ಬೇರೆ ಎಂದು ನಾಲಿಗೆ ಎಲ್ಲಿ ತಾಗಬೇಕೆಂಬುದನ್ನು ತಜ್ವೀದಿನಲ್ಲಿ ತಿದ್ದಿ ತಿದ್ದಿ ಹೇಳಿಕೊಡುತ್ತೇವೆ. ಗಂಟಲಿನ ನಡುವಿನಿಂದ ‘ಐನ್’ ತೆಗೆಯಬಲ್ಲ ಮಗುವಿಗೆ ‘ಲ’ ಮತ್ತು ‘ಳ’ ಬರುವುದಿಲ್ಲವೇ? ‘ನ’ ಮತ್ತು ‘ಣ’ ಬರುವುದಿಲ್ಲವೇ? ಅಭ್ಯಾಸ ಮಾಡಿಸಿದರೆ ಖಂಡಿತ ಬರುತ್ತದೆ. ನಮ್ಮ ತರಗತಿಯಲ್ಲಿ ಈಗ ಪ್ರತಿ ಶನಿವಾರ ಒಂದು ಮಗು ಐದು ನಿಮಿಷ ವಾರ್ತೆ ಓದುತ್ತದೆ. ನಿಯಮ ಒಂದೇ. ಪ್ರತಿ ಸುದ್ದಿಗೂ ‘ಇದು ನನಗೆ ಎಲ್ಲಿಂದ ತಿಳಿಯಿತು’ ಎಂದು ಹೇಳಬೇಕು. ಹೇಳಲಾಗದಿದ್ದರೆ ಆ ಸುದ್ದಿಯನ್ನು ಬಿಡಬೇಕು. ಮೊದಲ ಶನಿವಾರ ಹತ್ತು ಸುದ್ದಿ ತಂದ ಹುಡುಗಿಗೆ ಉಳಿದದ್ದು ಮೂರೇ!

ಓದುಗ ಸಹೋದರ ಸಹೋದರಿಯರೇ, ಇದನ್ನೇ ಮನೆಯಲ್ಲೂ ಮಾಡಬಹುದು. ಮೊಬೈಲಿಗೆ ಒಂದು ಗಾಬರಿಯ ಸಂದೇಶ ಬಂದರೆ, ಕಳುಹಿಸಿದವರಿಗೇ ಫೋನ್ ಮಾಡಿ ‘ನಿಮಗೆ ಯಾರು ಹೇಳಿದರು?’ ಎಂದು ಕೇಳಿ. ಅವರು ‘ಗುಂಪಿನಲ್ಲಿ ಬಂತು’ ಎಂದರೆ ಅಲ್ಲಿಗೇ ನಿಲ್ಲಿಸಿ. ಒಂದು ರಾತ್ರಿ ಕಾಯಿರಿ. ನಿಜವಾದ ಸುದ್ದಿ ಬೆಳಗಾಗುವಷ್ಟರಲ್ಲಿ ಹಳಸುವುದಿಲ್ಲ. ಅಡುಗೆಮನೆಯಲ್ಲಿ, ಮದುವೆ ಮನೆಯಲ್ಲಿ, ಮಸೀದಿಯ ಅಂಗಳದಲ್ಲಿ ಒಬ್ಬರ ಬಗ್ಗೆ ಮಾತು ಬಂದಾಗಲೂ ಅಬ್ಬಾ ಕೇಳುತ್ತಿದ್ದ ಆ ಪ್ರಶ್ನೆಯನ್ನು ಕೇಳಿ. ತಪ್ಪು ಹೇಳಿದ್ದರೆ, ಹೇಳಿದಷ್ಟೇ ಜನರ ಮುಂದೆ ತಪ್ಪಾಯಿತೆಂದು ಹೇಳಿ. ನಾಳೆ ನಮ್ಮ ಕಿವಿ, ಕಣ್ಣು, ಹೃದಯಗಳ ಬಗ್ಗೆಯೂ ವಿಚಾರಣೆ ಇದೆ ಎಂಬುದನ್ನು ಮರೆಯದಿರೋಣ. ಬೆರಳಿಗೂ ಅಂದು ಮಾತು ಬರಲಿದೆ.

ಮೊನ್ನೆ ಬೀದಿಯಲ್ಲಿ ಕೂದಲು-ಪಾತ್ರೆಯ ಕೂಗು ಕೇಳಿಸಿತು. ಚಪ್ಪಲಿ ಮೆಟ್ಟಿಕೊಂಡು ಓಡಿದೆ. ಅವಳಲ್ಲ, ಬೇರೆ ಯಾರೋ. ಅಂದು ಆ ಬೀದಿಯಲ್ಲಿ ನನ್ನ ಮಾತಿನಿಂದ ಹೆದರಿದ ಆ ತಾಯಿ ಎಲ್ಲಿದ್ದರೂ ಅಲ್ಲಾಹನು ಅವರನ್ನೂ ಅವರ ಮಗುವನ್ನೂ ಸುಖವಾಗಿಡಲಿ. ಕೇಳಿದ್ದನ್ನು ವಿಚಾರಿಸುವ, ವಿಚಾರಿಸಿದ್ದನ್ನು ಮಾತ್ರ ಹೇಳುವ ಸದ್ಬುದ್ಧಿಯನ್ನು ಅಲ್ಲಾಹನು ನಮಗೂ ನಮ್ಮ ಮಕ್ಕಳಿಗೂ ಕರುಣಿಸಲಿ. ಆಮೀನ್.